ಒಗ್ಗರಣೆ ಇಲ್ಲದ ಸೂಪು

ನಮ್ಮ ಮನೆಯಲ್ಲಿ ಸಾರಿಗೆ ಕಾನೂನಿತ್ತು. ಹುಣಸೆರಸ ಸಾರಿನ ಪುಡಿಯ ಜೊತೆ ಹಸಿ ವಾಸನೆ ಹೋಗುವ ತನಕ ಕುದಿಯಬೇಕು. ಬೇಳೆಯ ಕಟ್ಟು ಸೇರುವುದು ಅದಾದ ಮೇಲೆ. ಕಟ್ಟು ಸೇರಿದ ನಂತರ ಒಂದೇ ಉಕ್ಕು. ಎರಡನೆಯದು ಬಂತೋ, ಅಜ್ಜಿ ಪಾತ್ರೆಯ ಕಡೆ ತಿರುಗಿಯೂ ನೋಡದೆ 'ಇವತ್ತು ಸಾರು ಕೆಟ್ಟಿತು' ಅಂತ ತೀರ್ಪು ಕೊಟ್ಟುಬಿಡುತ್ತಿದ್ದಳು. ಒಗ್ಗರಣೆ ತುಪ್ಪದಲ್ಲೇ ಆಗಬೇಕು, ಸಾಸಿವೆ ಸಿಡಿದ ಮೇಲೇ ಇಂಗು ಬೀಳಬೇಕು, ಒಗ್ಗರಣೆ ಸುರಿದ ಕೂಡಲೇ ಮುಚ್ಚಳ ಮುಚ್ಚಬೇಕು. ಬೇಸಿಗೆಯಲ್ಲಿ ವರ್ಷಕ್ಕಾಗುವಷ್ಟು ಪುಡಿ ಮಾಡಿಸುವಾಗ ಬ್ಯಾಡಗಿ ಮೆಣಸಿನಕಾಯಿ ಎಷ್ಟು, ಗುಂಟೂರು ಎಷ್ಟು, ಮೆಂತ್ಯ ಯಾವ ಬಣ್ಣಕ್ಕೆ ಬಂದಾಗ ಬಾಣಲೆ ಇಳಿಸಬೇಕು ಎಂಬುದನ್ನು ಅಜ್ಜಿಯೇ ಹೇಳಬೇಕಿತ್ತು. ಮದುವೆಯಾಗಿ ಬಂದು ಇಬ್ಬರು ಮಕ್ಕಳನ್ನು ಹೈಸ್ಕೂಲು ದಾಟಿಸಿದ್ದ ಅಮ್ಮನಿಗೂ ಅದರಲ್ಲಿ ಮಾತಿರಲಿಲ್ಲ.

ಸೂಪಿಗೆ ಮಾತ್ರ ಕಾನೂನಿರಲಿಲ್ಲ. ನಮ್ಮ ಹಿಂದಿನವರು ಯಾರೂ ಅದನ್ನು ಮಾಡಿರಲಿಲ್ಲ, ಆದ್ದರಿಂದ ಅದು ಕೆಟ್ಟಿತು ಅಂತ ಹೇಳುವ ಅಧಿಕಾರವೂ ಯಾರಿಗೂ ಇರಲಿಲ್ಲ. ಅದನ್ನು ಮನೆಗೆ ತಂದವರು ಅಪ್ಪ. ಅಲ್ಲಿಯ ತನಕ ಅಡುಗೆಮನೆಗೆ ಅವರು ಬರುತ್ತಿದ್ದದ್ದು ನೀರು ಕುಡಿಯುವುದಕ್ಕೆ.

ಅಪ್ಪ ಮೈಸೂರಿನ ಅಶೋಕಪುರಂ ರೈಲ್ವೆ ವರ್ಕ್‌ಶಾಪಿನಲ್ಲಿ ಫಿಟ್ಟರ್. ನಂಜುಮಳಿಗೆಯ ಹತ್ತಿರ ನಮ್ಮ ಬಾಡಿಗೆ ಮನೆ. ನಾನು ಪಿಯುಸಿಯಲ್ಲಿದ್ದಾಗ, ತೊಂಬತ್ತರ ದಶಕದ ಮೊದಲ ವರ್ಷಗಳಲ್ಲಿ, ಅಮ್ಮನಿಗೆ ಪಿತ್ತಕೋಶದಲ್ಲಿ ಕಲ್ಲಾಯಿತು. ಅವಳಿಗೆ ಹೊಟ್ಟೆ ಕೊಯ್ದೇ ತೆಗೆದರು. ಹೊಲಿಗೆ ಬಿಚ್ಚುವ ತನಕ ಆಸ್ಪತ್ರೆಯ ವಾಸ, ಮನೆಗೆ ಬಂದ ಮೇಲೂ ತಿಂಗಳುಗಟ್ಟಲೆ ಪಥ್ಯ. ಮೊದಲು ಬರೀ ತಿಳಿ ನೀರಿನಂಥದ್ದು, ಆಮೇಲೆ ಮೆತ್ತಗೆ ಬೇಯಿಸಿದ್ದು. ಎಣ್ಣೆ, ತುಪ್ಪ, ಕಾಯಿತುರಿ ಒಂದನ್ನೂ ಮುಟ್ಟುವ ಹಾಗಿಲ್ಲ. ಜಿಡ್ಡು ಅರಗಿಸುವ ಪಿತ್ತವನ್ನು ಕೂಡಿಡುವ ಚೀಲವನ್ನೇ ತೆಗೆದುಹಾಕಿದ್ದೇವೆ, ದೇಹ ಹೊಂದಿಕೊಳ್ಳುವ ತನಕ ಹುಷಾರು ಅಂತ ಡಾಕ್ಟರು ಅಪ್ಪನಿಗೆ ಚೀಟಿಯ ಮೇಲೆ ಚಿತ್ರ ಬರೆದು ವಿವರಿಸಿದರಂತೆ. ಪೈಪು, ವಾಲ್ವು ಅಂದರೆ ಅಪ್ಪನಿಗೆ ಬೇಗ ಅರ್ಥವಾಗುತ್ತಿತ್ತು. 'ವೆಜಿಟೆಬಲ್ ಸೂಪ್ ಕೊಡಿ' ಎಂಬ ಕೊನೆಯ ಮಾತು ಮಾತ್ರ ಅರ್ಥವಾಗಲಿಲ್ಲ.

ಅಡುಗೆಗೆ ಅಂತ ನಂಜನಗೂಡಿನಿಂದ ಬಂದಿದ್ದ ಅಜ್ಜಿ ಮಡಿಯಲ್ಲಿದ್ದಳು. ಸೂಪಿಗೆ ಈರುಳ್ಳಿ ಬೆಳ್ಳುಳ್ಳಿ ಬೇಕು ಅಂತ ಅಪ್ಪ ಎಲ್ಲೋ ಕೇಳಿಕೊಂಡು ಬಂದಿದ್ದರು. 'ಔಷಧಿ ಅಂತಿದೀಯ, ಮಾಡ್ಕೋ. ಆದ್ರೆ ನನ್ನ ಒಲೆ ಮೇಲೆ ಬೇಡ ಕಣೋ' ಅಂದಳು ಅಜ್ಜಿ. ಸೀಮೆಎಣ್ಣೆಯ ಪಂಪ್ ಸ್ಟವ್ ಹಿತ್ತಲ ಜಗುಲಿಗೆ ಹೋಯಿತು. ಅಪ್ಪ ಅದರ ಮುಂದೆ ಕುಕ್ಕುರುಗಾಲಲ್ಲಿ ಕೂತು ಪಿನ್ನು ಹಾಕಿ ಕಣ್ಣು ಬಿಡಿಸಿ, ನೀಲಿ ಉರಿ ಸಮನಾಗಿ ಏಳುವ ತನಕ ಪಾತ್ರೆ ಇಡುತ್ತಿರಲಿಲ್ಲ. ಸ್ಟವ್ ಹಚ್ಚುವುದಕ್ಕೆ ಹಿಡಿದಷ್ಟು ಹೊತ್ತು ಅವರಿಗೆ ಸೂಪಿಗೆ ಹಿಡಿಯುತ್ತಿರಲಿಲ್ಲ.

ಮೊದಮೊದಲು ಮಾಡಿದ್ದು ಇಷ್ಟೇ. ತರಕಾರಿ ಹೆಚ್ಚಿ, ನೀರು ಹಾಕಿ, ಕುದಿಸಿ, ಹಳೆಯ ಮಲ್ ಪಂಚೆಯ ತುಂಡಿನಲ್ಲಿ ಸೋಸಿ, ಉಪ್ಪು ಹಾಕಿ, ಫ್ಲಾಸ್ಕಿಗೆ ಸುರಿದು ಸೈಕಲ್ಲಿನಲ್ಲಿ ಆಸ್ಪತ್ರೆಗೆ ಒಯ್ಯುವುದು. ಅಮ್ಮ ಎರಡು ಗುಟುಕು ಕುಡಿದು, 'ಉಪ್ಪು ಕಮ್ಮಿ, ರುಚಿ ಅದಕ್ಕಿಂತ ಕಮ್ಮಿ' ಅಂದಳು. ಅಪ್ಪನಿಗೆ ಬೇಸರವಾಗಲಿಲ್ಲ. ಕೆಲಸದಲ್ಲಿ ಕೊಟ್ಟ ಅಳತೆಗೆ ಒಂದು ಭಾಗ ಕೂರದಿದ್ದರೆ ಮಾಡುವುದನ್ನೇ ಇಲ್ಲೂ ಮಾಡಿದರು. ಗೋಡೆಯ ಮೇಲಿದ್ದ ಕ್ಯಾಲೆಂಡರಿನಲ್ಲಿ ಮುಗಿದ ತಿಂಗಳಿನ ಹಾಳೆ ಕಿತ್ತು, ಅದರ ಬೆನ್ನಿಗೆ ಬರೆಯತೊಡಗಿದರು. ನೀರು ಮೂರು ಲೋಟ. ಕ್ಯಾರೆಟ್ ಒಂದು. ಹುರುಳಿಕಾಯಿ ಆರು. ಎಲೆಕೋಸು ಒಂದು ಹಿಡಿ. ಅರ್ಧ ಆಲೂಗಡ್ಡೆ. ಸಣ್ಣ ಈರುಳ್ಳಿ, ಎರಡು ಎಸಳು ಬೆಳ್ಳುಳ್ಳಿ, ಟೊಮೇಟೊ ಒಂದು. ಯಾವುದನ್ನು ಯಾವಾಗ ಹಾಕಿದೆ ಎಂಬುದಕ್ಕೆ ಪಕ್ಕದಲ್ಲೇ ಬೇರೆ ಸಾಲು.

ಆ ಸಾಲಿನಲ್ಲೇ ಇತ್ತು ವಿದ್ಯೆ. ಶುರುವಿನಲ್ಲಿ ಎಲ್ಲವನ್ನೂ ಒಟ್ಟಿಗೆ ಹಾಕುತ್ತಿದ್ದರು. ಟೊಮೇಟೊ ಕರಗಿ ನೀರಾದರೂ ಕ್ಯಾರೆಟ್ಟು ಕಟುಕಟು ಅನ್ನುತ್ತಿತ್ತು. ಕೋಸು ಅತಿಯಾಗಿ ಬೆಂದು ಜಗುಲಿಯೆಲ್ಲ ಗಬ್ಬು. ಅಜ್ಜಿ ಬಾಗಿಲಿನಲ್ಲಿ ನಿಂತು, 'ಹುಳಿ ಮೊದಲೇ ಹಾಕಿದ್ರೆ ಯಾವ ತರಕಾರಿ ಬೇಯತ್ತೋ?' ಅಂದಳು. ಹುಣಸೆರಸ ಹಾಕುವುದಕ್ಕೆ ಮುಂಚೆ ಹೋಳು ಬೆಂದಿರಬೇಕು ಎಂಬುದು ಹುಳಿಯ ಕಾನೂನು. ಹುಳಿ ಸೇರಿದರೆ ತರಕಾರಿಯ ಗೋಡೆ ಹಿಡಿದಿಟ್ಟಿರುವ ಪೆಕ್ಟಿನ್ ಬೇಗ ಕರಗುವುದಿಲ್ಲ ಅಂತ ನಾನು ಓದಿದ್ದು ಎಷ್ಟೋ ವರ್ಷಗಳ ನಂತರ. ಅಜ್ಜಿಗೆ ಕಾರಣ ಬೇಕಿರಲಿಲ್ಲ, ಅಪ್ಪನಿಗೂ ಬೇಕಿರಲಿಲ್ಲ. ಟೊಮೇಟೊ ಕೊನೆಗೆ ಹೋಯಿತು. ಕೋಸು ಅದಕ್ಕೆ ಸ್ವಲ್ಪ ಮುಂಚೆ, ಮುಚ್ಚಳ ತೆಗೆದ ಪಾತ್ರೆಗೆ. ಕೋಸಿನಲ್ಲಿರುವ ಗಂಧಕದ ಅಂಶ ಬೆಂದಷ್ಟೂ ನಾರುತ್ತದೆ. ಹಸಿರು ಮಾಸುವ ಮೊದಲೇ ಇಳಿಸಿಬಿಟ್ಟರೆ ಅದೇ ಕೋಸು ಸಿಹಿ. ಕೊತ್ತಂಬರಿ ಸೊಪ್ಪಿನ ಎಲೆ ಅಜ್ಜಿಯ ಸಾರಿಗೆ ಹೋಗುತ್ತಿತ್ತು, ಕಸಕ್ಕೆ ಹೋಗುತ್ತಿದ್ದ ಕಡ್ಡಿಯನ್ನು ಅಪ್ಪ ಕಟ್ಟಿ ಸೂಪಿನ ನೀರಿಗೆ ಇಳಿಬಿಟ್ಟರು. ಆ ಒಂದು ಕೆಲಸಕ್ಕೆ ಸೂಪಿಗೆ ವಾಸನೆ ಬಂತು.

ಇನ್ನೊಂದು ಸುಧಾರಣೆ ಕಾಳುಮೆಣಸಿನದು. ಡಬ್ಬದಲ್ಲಿದ್ದ ಪುಡಿ ಬರೀ ಖಾರ, ಘಮವಿಲ್ಲ. ಮೆಣಸಿನ ಘಮ ಗಾಳಿಗೆ ಹಾರಿಹೋಗುವಂಥದ್ದು, ಕುಟ್ಟಿಟ್ಟರೆ ಉಳಿಯುವುದಿಲ್ಲ. ಅಜ್ಜಿ ಎಲೆಅಡಿಕೆ ಕುಟ್ಟುತ್ತಿದ್ದ ಹಿತ್ತಾಳೆಯ ಪುಟ್ಟ ಕುಟ್ಟಾಣಿಯಲ್ಲಿ ಅಪ್ಪ ಆಗಿಂದಾಗಲೇ ನಾಲ್ಕು ಕಾಳು ಜಜ್ಜಿ, ಲೋಟಕ್ಕೆ ಸುರಿದ ಸೂಪಿನ ಮೇಲೆ ಉದುರಿಸಿದರು. ಆಮೇಲೆ ಒಂದು ವಾರ ಅಜ್ಜಿಯ ಎಲೆಅಡಿಕೆ ಖಾರವಾಗಿತ್ತು. ಅವಳಿಗೊಂದು ಹೊಸ ಕುಟ್ಟಾಣಿ ಬಂತು.

ತಿಳಿಯಿಂದ ಗಟ್ಟಿ ಸೂಪಿಗೆ ಏರಿದ್ದು ಅಮ್ಮ ಮನೆಗೆ ಬಂದ ಮೇಲೆ. ಕುದಿಯುತ್ತಿದ್ದದ್ದನ್ನು ಹಾಗೇ ಮಿಕ್ಸಿಗೆ ಸುರಿದು ಸ್ವಿಚ್ಚು ತಿರುಗಿಸಿದರು ಅಪ್ಪ. ಒಳಗಿನ ಹಬೆ ಮುಚ್ಚಳವನ್ನು ಎತ್ತಿ ಒಗೆಯಿತು. ಕ್ಯಾರೆಟ್ ಬಣ್ಣದ ಕಲೆ ಚಾವಣಿಗೆ ಅಂಟಿತು. ಮುಂದೆ ಸುಣ್ಣ ಬಳಿಸಿದಾಗಲೂ ಅದು ಪೂರ್ತಿ ಹೋಗಲಿಲ್ಲ. ಉಗಿಯ ಒತ್ತಡ ಗೊತ್ತಿರಬೇಕಾದ ರೈಲ್ವೆ ಮನುಷ್ಯ ಇವರು ಅಂತ ಅಮ್ಮ ನೋಯುವ ಹೊಟ್ಟೆ ಹಿಡಿದುಕೊಂಡು ನಕ್ಕಳು. ಅಲ್ಲಿಗೆ ಮಿಕ್ಸಿ ಮುಗಿಯಿತು. ಮಸ್ಸೊಪ್ಪು ಮಸೆಯುವ ಕಡಗೋಲು ಅಡುಗೆಮನೆಯ ಆಸ್ತಿ, ಬೆಳ್ಳುಳ್ಳಿಗೆ ಅದನ್ನು ತಾಕಿಸುವ ಹಾಗಿಲ್ಲ. ಅಪ್ಪ ಪರಿಚಯದ ಬಡಗಿಯೊಬ್ಬರಿಂದ ಸೂಪಿಗೆಂದೇ ಪುಟ್ಟದೊಂದು ಕಡಗೋಲು ಮಾಡಿಸಿ ತಂದರು. ಮಿಕ್ಸಿಯಲ್ಲಿ ನುಣ್ಣಗಾದ ಸೂಪಿಗಿಂತ ಕಡಗೋಲಿನ ಸೂಪೇ ಮೇಲು ಎನ್ನುವವಳು ನಾನು. ಅಲ್ಲೊಂದು ಹುರುಳಿಕಾಯಿ, ಇಲ್ಲೊಂದು ಕ್ಯಾರೆಟ್ ಚೂರು ಬಾಯಿಗೆ ಸಿಗಬೇಕು. ಇಲ್ಲದಿದ್ದರೆ ಏನು ಕುಡಿಯುತ್ತಿದ್ದೇವೆ ಅಂತ ನಾಲಿಗೆಗೆ ಗೊತ್ತಾಗುವುದಾದರೂ ಹೇಗೆ?

ಹೋಟೆಲಿನ ಸೂಪು ನಮಗೆ ಪರಿಚಯವಾದದ್ದು ಇದೆಲ್ಲ ಆದ ಮೇಲೆ. ಒಂದು ಟೊಮೇಟೊ ಸೂಪು ಹೇಳಿ 'ಬೈ ಟು' ಮಾಡಿಸಿ, ಅಪ್ಪ ಚಮಚ ಎತ್ತಿ ಎತ್ತಿ ಅದು ಬೀಳುವ ಬಗೆ ನೋಡಿದರು. 'ಹಿಟ್ಟು ಹಾಕಿದಾರೆ.' ಕಾರ್ನ್‌ಫ್ಲೋರನ್ನು ತಣ್ಣೀರಿನಲ್ಲಿ ಕದಡಿ ಕುದಿಯುವ ಸೂಪಿಗೆ ಸುರಿದರೆ, ಬಿಸಿಗೆ ಪಿಷ್ಟದ ಕಾಳುಗಳು ನೀರು ಹೀರಿ ಉಬ್ಬಿ ಎರಡೇ ನಿಮಿಷದಲ್ಲಿ ಮಂದವಾಗುತ್ತದೆ. ಬಿಸಿಗೆ ನೇರ ಹಾಕಿದರೆ ಗಂಟು. ಹೋಟೆಲಿನವರಿಗೆ ಅದು ಸರಿ, ಕಡಿಮೆ ತರಕಾರಿಯಲ್ಲಿ ಹೆಚ್ಚು ಬಟ್ಟಲು ತುಂಬುತ್ತದೆ. ಮನೆಯಲ್ಲಿ ಆಲೂಗಡ್ಡೆಯೇ ಆ ಕೆಲಸ ಮಾಡುತ್ತದೆ. ಆಲೂಗಡ್ಡೆ ಇಲ್ಲದ ದಿನ ಅಪ್ಪ ಒಂದು ಹಿಡಿ ಹೆಸರುಬೇಳೆ ಹಾಕುತ್ತಿದ್ದರು, ಇಲ್ಲವೇ ಒಂದು ಚಮಚ ರಾಗಿಹಿಟ್ಟು ಕದಡಿ ಬಿಡುತ್ತಿದ್ದರು. ರಾಗಿಯದನ್ನು ಅಮ್ಮ 'ತರಕಾರಿ ಅಂಬಲಿ' ಅಂದಳೇ ವಿನಾ ಬಟ್ಟಲು ಖಾಲಿ ಮಾಡದೆ ಬಿಡಲಿಲ್ಲ.

ಪಥ್ಯ ಮುಗಿಯಿತು. ಅಜ್ಜಿ ನಂಜನಗೂಡಿಗೆ ಹೋದಳು. ಸ್ಟವ್ ಅಟ್ಟ ಸೇರಿತು. ಸೂಪು ಮಾತ್ರ ನಿಲ್ಲಲಿಲ್ಲ. ವರ್ಕ್‌ಶಾಪಿನಿಂದ ಬಂದು ಕೈಕಾಲು ತೊಳೆದು ಅಪ್ಪ ನೇರ ಗ್ಯಾಸಿನ ಮುಂದೆ ನಿಲ್ಲುವುದು ರೂಢಿಯಾಯಿತು. ಅಮ್ಮ ಪಕ್ಕದ ಒಲೆಯಲ್ಲಿ ರಾತ್ರಿಯ ಅನ್ನಕ್ಕಿಡುತ್ತ, 'ಒಂಚೂರು ಜೀರಿಗೆ ಕರಿಬೇವಿನ ಒಗ್ಗರಣೆ ಕೊಡ್ಲೇನ್ರೀ?' ಅಂದರೆ, 'ಒಗ್ಗರಣೆ ಕೊಟ್ರೆ ಸಾರಾಗುತ್ತೆ ಕಣೇ, ಆಮೇಲೆ ನಿನ್ನ ಮಾತು ಕೇಳ್ಬೇಕಾಗುತ್ತೆ' ಅನ್ನುತ್ತಿದ್ದರು. ತಮಾಷೆಗೆ ಹೇಳಿದ್ದಾದರೂ ಅದರಲ್ಲಿ ನಿಜವಿತ್ತು. ಅಡುಗೆಮನೆಯಲ್ಲಿ ಗಂಡಸಿಗೊಂದು ಜಾಗ ಸಿಕ್ಕಿದ್ದೇ ಆ ಪಾತ್ರೆ ಯಾರ ಅಧಿಕಾರದಲ್ಲೂ ಇರಲಿಲ್ಲವಾದ್ದರಿಂದ. ಅಪ್ಪ ಒಂದು ದಿನವೂ ಸಾರು ಮಾಡಲಿಲ್ಲ, ಹುಳಿ ಮಾಡಲಿಲ್ಲ. ಆ ಮಾತು ತೆಗೆದರೆ ಅಮ್ಮ ಅವರಿಗೆ ಸೌಟು ಕೊಡುತ್ತಿದ್ದಳು ಅಂತಲೂ ನನಗನಿಸುವುದಿಲ್ಲ.

ತರಕಾರಿ ತರುವುದಂತೂ ಅವರ ಖಾಸಗಿ ಸಂಭ್ರಮ. ಮನೆಯ ಹತ್ತಿರವೇ ಗಾಡಿಗಳಿದ್ದರೂ ದೇವರಾಜ ಮಾರುಕಟ್ಟೆಗೇ ಹೋಗಬೇಕು. 2016ರ ಆಗಸ್ಟಿನಲ್ಲಿ ಆ ಹಳೆಯ ಕಟ್ಟಡದ ಒಂದು ಭಾಗ ಕುಸಿದುಬಿದ್ದ ಮೇಲೂ ಅವರು ಬೇರೆ ಕಡೆ ಮುಖ ಮಾಡಲಿಲ್ಲ. ಸೂಪಿಗೆ ಊಟಿ ಕ್ಯಾರೆಟ್ಟೇ ಆಗಬೇಕು. ತೊಳೆದು ತಂದ, ನಡುವೆ ದಿಂಡಿಲ್ಲದ, ಮುರಿದರೆ ಟಕ್ಕೆನ್ನುವಂಥದ್ದು. ಉತ್ತರದಿಂದ ಚಳಿಗಾಲಕ್ಕೆ ಬರುವ ಉದ್ದನೆಯ ಕೆಂಪು ಕ್ಯಾರೆಟ್ ಹಲ್ವಕ್ಕೆ ಲಾಯಕ್ಕು, ಸೂಪಿಗಲ್ಲ ಅನ್ನುತ್ತಿದ್ದರು. ಬಂಡೀಪುರದ ಕಾಡುದಾರಿಯಲ್ಲಿ 2009ರಿಂದ ರಾತ್ರಿ ಒಂಬತ್ತರಿಂದ ಬೆಳಗಿನ ಆರರ ತನಕ ಲಾರಿ ಓಡುವಂತಿಲ್ಲವಾದ್ದರಿಂದ, ಬೆಳಗಿನ ಲಾರಿ ಗುಂಡ್ಲುಪೇಟೆ ದಾಟಿ ಊರು ಮುಟ್ಟುವ ಹೊತ್ತು ನೋಡಿಕೊಂಡು ಮಾರುಕಟ್ಟೆಗೆ ಹೋಗಬೇಕು ಎಂಬುದು ನಿವೃತ್ತಿಯ ನಂತರ ಅವರು ಕಂಡುಕೊಂಡ ಲೆಕ್ಕ. ಟೊಮೇಟೊ ಮಾತ್ರ ನಾಟಿ. ಫಾರಂ ಟೊಮೇಟೊ ಲಾರಿಯಲ್ಲಿ ದೂರ ಹೋಗಲು ದಪ್ಪ ಸಿಪ್ಪೆ ಹೊದ್ದು ಬಂದದ್ದು, ಅದರಲ್ಲಿ ಹುಳಿಯೂ ಇಲ್ಲ, ರಸವೂ ಇಲ್ಲ. ಈ ವಿಷಯದಲ್ಲಿ ನಾನು ಅಪ್ಪನ ಪಕ್ಷ.

2023ರ ಜುಲೈಯಲ್ಲಿ ಕೋಲಾರದ ಮಾರುಕಟ್ಟೆಯಲ್ಲಿ ಹದಿನೈದು ಕಿಲೋ ಟೊಮೇಟೊ ಬಾಕ್ಸು ಎರಡು ಸಾವಿರ ರೂಪಾಯಿ ದಾಟಿತಲ್ಲ, ಆಗ ಅಪ್ಪ ಹಿತ್ತಲಿನ ಚಪ್ಪರದಿಂದ ಸೀಮೆಬದನೆ ಕಿತ್ತು ಸೂಪು ಮಾಡಿದರು. ಸಿಪ್ಪೆ ಹೆರೆಯುವಾಗ ಕೈಗೆ ಅಂಟುವ ಆ ಲೋಳೆ ಯಾರಿಗೂ ಇಷ್ಟವಿಲ್ಲ. ಆದರೆ ಬೇಗ ಬೇಯುತ್ತದೆ, ಮಂದವೂ ಆಗುತ್ತದೆ. ಇಳಿಸಿದ ಮೇಲೆ ಅರ್ಧ ನಿಂಬೆಹಣ್ಣು ಹಿಂಡಿದರು. 1874ರಿಂದ 1908ರವರೆಗೆ ಲಾಲ್‌ಬಾಗಿನ ಉಸ್ತುವಾರಿ ನೋಡಿಕೊಂಡ ಜಾನ್ ಕ್ಯಾಮರಾನ್ ಈ ಬಳ್ಳಿಯನ್ನು ತಂದು ಇಲ್ಲಿ ಹಬ್ಬಿಸದಿದ್ದರೆ ಆ ಜುಲೈಯಲ್ಲಿ ನಾವು ಸೂಪಿಲ್ಲದೆ ಮಲಗಬೇಕಿತ್ತು. ಅಪ್ಪನಿಗೆ ಇದನ್ನು ಹೇಳಿದೆ. 'ಒಳ್ಳೇ ಮನುಷ್ಯ' ಅಂದರು, ಪಕ್ಕದ ಬೀದಿಯವರ ಬಗ್ಗೆ ಹೇಳುವ ಧಾಟಿಯಲ್ಲಿ.

ನಾನು ಮದುವೆಯಾಗಿ ಬೆಂಗಳೂರಿಗೆ ಬಂದಾಗ ಇನ್ನೊಂದು ಸಾರಿನ ರಾಜ್ಯಕ್ಕೆ ಕಾಲಿಟ್ಟೆ. ಅತ್ತೆ ಧಾರವಾಡದವರು. ನನ್ನ ಮೊದಲ ಸಾರನ್ನು ಅನ್ನಕ್ಕೆ ಕಲಸಿ, 'ಇದ್ರಾಗ ಖಾರನ ಇಲ್ಲಲ್ಲವಾ' ಅಂದರು. ಅವರ ಪುಡಿ ಬೇರೆ, ಅಳತೆ ಬೇರೆ, ಬೆಲ್ಲ ಹಾಕುವ ಹೊತ್ತು ಬೇರೆ. ನನ್ನ ಕಾನೂನು ಅಲ್ಲಿ ನಡೆಯಲಿಲ್ಲ, ಅವರದು ನನ್ನ ನಾಲಿಗೆಗೆ ಒಗ್ಗಲಿಲ್ಲ. ಆಫೀಸಿನಿಂದ ಬರುವಾಗ ಹಾಪ್‌ಕಾಮ್ಸ್ ಅಂಗಡಿಯಲ್ಲಿ ನಾಲ್ಕು ತರಕಾರಿ ತಂದು ಒಂದು ಸಂಜೆ ಅಪ್ಪನ ಸೂಪು ಮಾಡಿದೆ. ಕುಕ್ಕರಿನಲ್ಲಿ ಕ್ಯಾರೆಟ್, ಹುರುಳಿಕಾಯಿ, ಆಲೂಗಡ್ಡೆ, ಈರುಳ್ಳಿಗೆ ಒಂದು ಕೂಗು. ಹಬೆ ಇಳಿದ ಮೇಲೆ ತೆಗೆದು ಕೋಸು, ಆಮೇಲೆ ಟೊಮೇಟೊ, ನಾಲ್ಕೈದು ನಿಮಿಷದ ಕುದಿ, ಕಡಗೋಲಿನಿಂದ ನಾಲ್ಕು ತಿರುವು, ಉಪ್ಪು, ಮೆಣಸು. ಬಟ್ಟೆ ಬದಲಾಯಿಸಿ ಬರುವಷ್ಟರಲ್ಲಿ ಅರ್ಧ ಕೆಲಸ ಮುಗಿದಿರುತ್ತದೆ. ಅತ್ತೆ ಬಟ್ಟಲನ್ನು ಮೂಗಿನ ಹತ್ತಿರ ಹಿಡಿದು ನೋಡಿದರು. ಟೀಕೆಗೆ ಅವರಲ್ಲಿ ಆಧಾರವಿರಲಿಲ್ಲ. ಡಬ್ಬಿಯಿಂದ ಕಡಕ್ ಜೋಳದ ರೊಟ್ಟಿ ತೆಗೆದು ಲಟಲಟ ಮುರಿದು ಅದರೊಳಗೆ ಹಾಕಿಕೊಂಡರು. 'ಛಲೋ ಅದ' ಅಂದರು. ಶತಾಬ್ದಿ ರೈಲಿನಲ್ಲಿ ಸೂಪಿನ ಜೊತೆ ಕೊಡುವ ಬ್ರೆಡ್ಡಿನ ಕಡ್ಡಿಗಿಂತ ಕಡಕ್ ರೊಟ್ಟಿ ಎಷ್ಟೋ ಮೇಲು. ಸೂಪಿನಲ್ಲಿ ನೆನೆದರೂ ಅದರ ಅಂಚು ಗಟ್ಟಿಯಾಗಿ ಉಳಿದು ಹಲ್ಲಿಗೆ ಕೆಲಸ ಕೊಡುತ್ತದೆ. ಅಪ್ಪನಿಗೆ ಫೋನಿನಲ್ಲಿ ಹೇಳಿದಾಗ, ಮುಂದಿನ ಸಲ ಬರುವಾಗ ರೊಟ್ಟಿ ತಾ ಅಂದರು. ಅತ್ತೆ ಒಂದು ಕಟ್ಟು ಕಳಿಸಿಕೊಟ್ಟರು. ಎರಡು ಮನೆಗಳ ನಡುವೆ ಮದುವೆಯ ಹೊತ್ತಿಗಿದ್ದ ಬಿಗುವು ಸಡಿಲವಾದದ್ದು ಆ ಕಟ್ಟಿನಿಂದ ಅಂತ ನನ್ನ ಗಂಡ ಈಗಲೂ ಹೇಳುತ್ತಾರೆ.

ಅಪ್ಪ 2024ರಲ್ಲಿ ತೀರಿಕೊಂಡರು. ಮರುವರ್ಷ ಮೈಸೂರಿನಲ್ಲಿ ತಮ್ಮನ ಮನೆಯಲ್ಲಿ ವರ್ಷದ ತಿಥಿ. ಪುರೋಹಿತರು ತರಕಾರಿಯ ಪಟ್ಟಿ ಹೇಳಿದರು. ಬಾಳೆಕಾಯಿ, ಹಾಗಲಕಾಯಿ, ಗೋರಿಕಾಯಿ, ಸಿಹಿಗೆಣಸು ಆಗುತ್ತದೆ. ಕ್ಯಾರೆಟ್, ಕೋಸು, ಹುರುಳಿಕಾಯಿ, ಆಲೂಗಡ್ಡೆ, ಟೊಮೇಟೊ, ಸೀಮೆಬದನೆ ಕೂಡದು. ಈರುಳ್ಳಿ ಬೆಳ್ಳುಳ್ಳಿಯ ಮಾತೇ ಇಲ್ಲ. ಸೀಮೆಯಿಂದ ಬಂದ ತರಕಾರಿ ಪಿತೃಗಳಿಗೆ ಸಲ್ಲುವುದಿಲ್ಲ ಎಂಬುದು ಹೊಸ ವಿಷಯವೇನಲ್ಲ, ಅಜ್ಜಿಯ ತಿಥಿಯಲ್ಲೂ ಹಾಗೇ ಮಾಡಿದ್ದೆವು. ಆದರೆ ಆ ಕೂಡದ ಪಟ್ಟಿಯನ್ನು ತಮ್ಮ ಬರೆದುಕೊಳ್ಳುತ್ತಿದ್ದಾಗ ನೋಡುತ್ತೇನೆ, ಅದು ಕ್ಯಾಲೆಂಡರಿನ ಬೆನ್ನಿಗೆ ಅಪ್ಪ ಬರೆದಿಟ್ಟಿದ್ದ ಪಟ್ಟಿಯೇ. 'ಅಪ್ಪ ಮೂವತ್ತು ವರ್ಷ ತಿಂದಿದ್ದೆಲ್ಲ ಬೇಡ ಅಂದ್ರೆ, ಅವರು ಬಂದು ತಿನ್ನೋದೇನನ್ನ?' ಅಂತ ತಮ್ಮ ನನ್ನ ಕಿವಿಯಲ್ಲಿ ಅಂದ. ಪುರೋಹಿತರಿಗೆ ಹೇಳುವ ಧೈರ್ಯ ಇಬ್ಬರಿಗೂ ಇರಲಿಲ್ಲ. ತಿಥಿ ಶಾಸ್ತ್ರದಂತೆ ಆಯಿತು. ವಡೆ, ಎಳ್ಳುಂಡೆ, ರವೆಉಂಡೆ, ಹಾಗಲಕಾಯಿ ಗೊಜ್ಜು. ಅಪ್ಪ ಹಾಗಲಕಾಯಿ ಮುಟ್ಟುತ್ತಿರಲಿಲ್ಲ.

ಮಾರನೆಯ ಸಂಜೆ ಅಮ್ಮ ತಾನಾಗಿಯೇ 'ಸೂಪಿಗಿಡಿ' ಅಂದಳು. ನನ್ನ ಮಗಳು ಒಲೆಯ ಮುಂದೆ ನಿಂತಳು. ಅಮ್ಮ ಅಡುಗೆಮನೆಯ ಬಾಗಿಲಿಗೆ ಕುರ್ಚಿ ಹಾಕಿಸಿಕೊಂಡು ಕೂತಳು, ಒಂದು ಕಾಲದಲ್ಲಿ ಅಜ್ಜಿ ನಿಲ್ಲುತ್ತಿದ್ದ ಜಾಗದಲ್ಲಿ. ಟೊಮೇಟೊ ಈಗಲೇ ಬೇಡ. ಕೋಸಿಗೆ ಮುಚ್ಚಳ ಹಾಕಬೇಡ. ಕೊತ್ತಂಬರಿ ಕಡ್ಡಿ ಎಲ್ಲಿ? ಸ್ವೀಟ್ ಕಾರ್ನ್ ಹಾಕಲಾ ಅಂತ ಮಗಳು ಕೇಳಿದ್ದಕ್ಕೆ, 'ಅದು ಹೋಟ್ಲಲ್ಲಿ' ಅಂತ ಒಂದೇ ಮಾತು. ಕೊನೆಗೆ ಮಗಳು ಫ್ರಿಜ್ಜಿನಿಂದ ಬೆಣ್ಣೆ ತೆಗೆದಳು.

'ಅದ್ಯಾಕೆ?'

'ಅಜ್ಜಿ, ಕ್ಯಾರೆಟ್‌ನಲ್ಲಿರೋ ಕ್ಯಾರೊಟಿನ್ ಮೈಗೆ ಹತ್ಬೇಕಂದ್ರೆ ಸ್ವಲ್ಪ ಜಿಡ್ಡಿರ್ಬೇಕು. ಬೆಣ್ಣೇಲಿ ಈರುಳ್ಳಿ ಬಾಡಿಸಿದ್ರೆ ಇನ್ನೂ ಚೆನ್ನಾಗಿರುತ್ತೆ.'

'ಸೂಪಿಗೆ ಜಿಡ್ಡು ಹಾಕಲ್ಲ. ನಿಮ್ಮ ತಾತ ಯಾವತ್ತೂ ಹಾಕಿದವರಲ್ಲ.'

ತಾತ ಹಾಕದೆ ಇದ್ದದ್ದು ಯಾಕೆ ಅಂತ ನಾನು ನೆನಪಿಸಿದೆ. ಅವಳದೇ ಆಪರೇಷನ್ನು, ಅವಳದೇ ಹೊಲಿಗೆ, ಡಾಕ್ಟರು ಚೀಟಿಯಲ್ಲಿ ಬರೆದು ತೋರಿಸಿದ ಚಿತ್ರ. ಅಮ್ಮ ಸ್ವಲ್ಪ ಹೊತ್ತು ಯೋಚಿಸಿದಳು. ಆಪರೇಷನ್ ನೆನಪಿತ್ತು, ಪಥ್ಯ ನೆನಪಿತ್ತು. ಇವೆರಡಕ್ಕೂ ಸೂಪಿನ ಜಿಡ್ಡಿಗೂ ಸಂಬಂಧವಿದೆ ಎನ್ನುವುದನ್ನು ಅವಳು ಒಪ್ಪಲಿಲ್ಲ. ಮಧ್ಯಾಹ್ನ ಅವಳು ಎರಡು ಚಮಚ ತುಪ್ಪ ಹಾಕಿಸಿಕೊಂಡು ಅನ್ನ ಸಾರು ಉಂಡಿದ್ದಳು.

'ಒಂದು ಮನೆ ಸೂಪು ಅಂದ್ಮೇಲೆ ಅದಕ್ಕೊಂದು ಕ್ರಮ ಇರುತ್ತೆ,' ಅಂದಳು. ಮಗಳು ಬೆಣ್ಣೆಯ ಡಬ್ಬಿ ಹಿಡಿದು ನಿಂತೇ ಇದ್ದಳು. ಕೊನೆಗೆ ಅಮ್ಮನೇ ಸಡಿಲ ಬಿಟ್ಟಳು. 'ಬೇಕಿದ್ರೆ ನಿನ್ನ ಬಟ್ಟಲಿಗೆ ಮೇಲೆ ಹಾಕ್ಕೋ. ಪಾತ್ರೆಗೆ ಬೇಡ.'

ಮಗಳು ಹಾಕಿಕೊಂಡಳು. ತಮ್ಮ ಅಮ್ಮನಿಗೆ ಬೆನ್ನು ಮಾಡಿ ಹಾಕಿಕೊಂಡ. ನಾನೂ ಹಾಕಿಕೊಂಡೆ. ಬೆಣ್ಣೆ ಹಾಕಿದ ಸೂಪು ಹೆಚ್ಚು ಚೆನ್ನಾಗಿರುತ್ತದೆ.